ದೊಡ್ಡಮ್ಮನ ಫೋನು ಮೂಕವಾದದ್ದು

ನಮ್ಮ ಮನೆಯಲ್ಲಿ ಮಕ್ಕಳಿಗೆ ನಾಲ್ಕು ಹೆಜ್ಜೆ ನಡೆಯಲು ಬಂದ ಕೂಡಲೇ ಕಲಿಸುತ್ತಿದ್ದ ಪಾಠ ಒಂದಿತ್ತು: ದೊಡ್ಡಮ್ಮನ ಜೊತೆ ಮುಖ ಕೊಟ್ಟು ಮಾತಾಡಬೇಕು. ಬೆನ್ನ ಹಿಂದಿನಿಂದ ಕೂಗಬಾರದು, ಬಾಯಿಗೆ ಕೈ ಅಡ್ಡ ಹಿಡಿಯಬಾರದು, ತುತ್ತು ಬಾಯಲ್ಲಿಟ್ಟುಕೊಂಡು ಗೊಣಗಬಾರದು. ಅವಳು ಆ ಕಡೆ ತಿರುಗಿ ಕೂತಿದ್ದರೆ ಹೋಗಿ ಭುಜ ಮುಟ್ಟಬೇಕು, ಅವಳು ಈ ಕಡೆ ತಿರುಗುವ ತನಕ ಕಾಯಬೇಕು, ಆಮೇಲೆ ಬಾಯಿ ತೆರೆಯಬೇಕು. ಬೇರೆ ಮನೆಗಳಲ್ಲಿ ದೊಡ್ಡವರ ಎದುರು ಮಾತಾಡಬೇಡ ಎಂದು ಮಕ್ಕಳಿಗೆ ಗದರುತ್ತಿದ್ದರೆ, ನಮ್ಮಲ್ಲಿ ಎದುರು ನಿಂತೇ ಮಾತಾಡು ಎಂದು ಗದರುತ್ತಿದ್ದರು.

ದೊಡ್ಡಮ್ಮ ನನ್ನ ಅಮ್ಮನ ಅಕ್ಕ. ಬಟ್ಟೆ ಗಿರಣಿಯಲ್ಲಿ ಮಗ್ಗ ನಡೆಸುತ್ತಿದ್ದವಳು. ಎರಡು ಜಡೆ ಹಾಕಿಕೊಳ್ಳುವ ವಯಸ್ಸಿನಲ್ಲಿ ಆ ಗೇಟಿನೊಳಗೆ ಹೋದವಳು ತಲೆ ನರೆತ ಮೇಲೆ ಹೊರಗೆ ಬಂದಳು. ಅದೂ ತಾನಾಗಿ ಬಂದದ್ದಲ್ಲ, ಗಿರಣಿಯೇ ಬಾಗಿಲು ಹಾಕಿತು. ಬಾಗಿಲು ಹಾಕದಿದ್ದರೆ ಇವತ್ತಿಗೂ ಅಲ್ಲೇ ನಿಂತಿರುತ್ತಿದ್ದಳೇನೋ. ಅಷ್ಟು ಹಟ ಅವಳಿಗೆ.

ನಾನು ಚಿಕ್ಕವಳಿದ್ದಾಗ ಒಮ್ಮೆ ಆ ಶೆಡ್ಡಿನೊಳಗೆ ಹೋಗಿದ್ದೆ. ದೊಡ್ಡಮ್ಮ ಊಟದ ಡಬ್ಬಿ ಮರೆತುಹೋಗಿದ್ದಳು, ಕೊಟ್ಟು ಬರೋಣವೆಂದು ಅಮ್ಮ ನನ್ನ ಕೈಹಿಡಿದು ಕರೆದುಕೊಂಡು ಹೋಗಿದ್ದಳು. ಕಾವಲಿನವನು ಬಾಗಿಲು ಸರಿಸಿದ್ದೇ ತಡ, ಒಳಗಿನ ಶಬ್ದ ಕಿವಿಗೆ ಕೇಳಿಸುವ ಮೊದಲೇ ಎದೆಗೆ ಗುದ್ದಿತು. ಸಾಲು ಸಾಲು ಮಗ್ಗಗಳು. ಪ್ರತಿಯೊಂದರಲ್ಲೂ ಲಾಳಿ ಆ ಕಡೆಯಿಂದ ಈ ಕಡೆಗೆ ಬಡಿದುಕೊಂಡು ಓಡುತ್ತಿತ್ತು. ಗಾಳಿಯ ತುಂಬ ಹತ್ತಿಯ ಧೂಳು. ಅಮ್ಮ ಏನೋ ಕೂಗಿದಳು, ಅವಳ ಪಕ್ಕದಲ್ಲೇ ನಿಂತ ನನಗೆ ಕೇಳಿಸಲಿಲ್ಲ. ಆದರೆ ಎಷ್ಟೋ ಸಾಲುಗಳ ಆಚೆ ನಿಂತಿದ್ದ ದೊಡ್ಡಮ್ಮ ಅಮ್ಮನ ತುಟಿ ನೋಡಿದಳು, ಬೆರಳನ್ನು ಬಾಯಿಯತ್ತ ತಂದು, ಅಂಗೈ ಬೀಸಿ, ಹುಬ್ಬು ಹಾರಿಸಿದಳು. ನಂದು ತಿಂದಾಯ್ತು, ಅದನ್ನ ನೀವೇ ತಿಂದ್ಕೊಳ್ಳಿ, ಎಂದರ್ಥ. ಪಕ್ಕದವಳ ಡಬ್ಬಿಗೆ ಕೈ ಹಾಕಿದ್ದಳಂತೆ.

ಆ ಶೆಡ್ಡಿನ ಹೆಂಗಸರಿಗೆಲ್ಲ ಈ ಭಾಷೆ ಬರುತ್ತಿತ್ತು. ಬಾಯಿಯಿಂದ ದನಿ ಹೊರಡಿಸಿ ಏನೂ ಪ್ರಯೋಜನವಿಲ್ಲದ ಜಾಗದಲ್ಲಿ ಯಾರು ಗಂಟಲು ಹರಿದುಕೊಳ್ಳುತ್ತಾರೆ? ತುಟಿ ಮಾತ್ರ ಆಡಿಸುತ್ತಿದ್ದರು, ಮಿಕ್ಕಿದ್ದಕ್ಕೆ ಕೈ. ಮೂಗಿನ ಕೆಳಗೆ ಎರಡು ಬೆರಳು ಇಟ್ಟರೆ ಮೀಸೆ, ಮೀಸೆ ಎಂದರೆ ಮೇಸ್ತ್ರಿ. ಕಿರುಬೆರಳನ್ನು ಫಕ್ಕನೆ ಮಡಿಸಿದರೆ ನೂಲು ಹರಿಯಿತು. ಕೆನ್ನೆಗೆ ಅಂಗೈ ಕೊಟ್ಟು ಕಣ್ಣು ಮೇಲೆ ಮಾಡಿದರೆ, ಯಾರದೋ ಗಂಡ ಕುಡಿದು ಬಂದಿದ್ದಾನೆ. ಹೀಗೆ ಕೈಯೊಂದು ಕಡೆ ನೂಲು ಕಟ್ಟುತ್ತಿದ್ದರೆ ಇನ್ನೊಂದು ಕಡೆ ಊರ ಸುದ್ದಿಯೆಲ್ಲ ಆ ತುದಿಯಿಂದ ಈ ತುದಿಗೆ ಹರಿದಾಡುತ್ತಿತ್ತು. ಮೇಸ್ತ್ರಿಗೆ ಮಾತ್ರ ಆ ಭಾಷೆ ಪೂರ್ತಿ ಬರುತ್ತಿರಲಿಲ್ಲ. ಬಂದಿದ್ದರೆ ಅವನು ಅಂದೇ ಕೆಲಸ ಬಿಟ್ಟು ಓಡಿಹೋಗುತ್ತಿದ್ದ ಎಂದು ದೊಡ್ಡಮ್ಮ ಹೊಟ್ಟೆ ಹುಣ್ಣಾಗುವಂತೆ ನಗುತ್ತಿದ್ದಳು.

ಪಾಳಿ ಬಿಟ್ಟಾಗ ಗೇಟಿನ ಹತ್ತಿರ ನಿಂತು ನೋಡಬೇಕಿತ್ತು. ಹೊರಗೆ ಬಂದ ಹೆಂಗಸರೆಲ್ಲ ಒಬ್ಬರ ಮೇಲೊಬ್ಬರು ಅರಚುತ್ತಿದ್ದರು. ಹೊಸಬರು ಜಗಳ ಬಿಡಿಸಲು ಓಡಿ ಬರುತ್ತಿದ್ದರಂತೆ. ಪಾಪ, ಆ ಹೆಂಗಸರು ಟೊಮೆಟೊ ಕೊಳೆತು ಹೋಯಿತೆಂಬ ಮಾತಾಡುತ್ತಿರುತ್ತಿದ್ದರು. ಕಿವಿ ಒಳಗಿಂದ ಗುಂಯ್‌ಗುಡುತ್ತಿರುವವರಿಗೆ ತಮ್ಮ ದನಿ ಎಷ್ಟಿದೆಯೆಂದು ಹೇಗೆ ತಿಳಿಯಬೇಕು?

ಹಾಗೆ ದೊಡ್ಡಮ್ಮನ ಕಿವಿ ವರ್ಷದಿಂದ ವರ್ಷಕ್ಕೆ ಮಂದವಾಯಿತು. ಎಷ್ಟು ಮಂದವಾಯಿತು ಎಂಬುದು ಯಾರಿಗೂ ಗೊತ್ತಾಗಲಿಲ್ಲ, ಅವಳಿಗೂ ಗೊತ್ತಾಗಲಿಲ್ಲ. ಎದುರಿಗಿದ್ದವರ ತುಟಿಯನ್ನು ಅವಳು ಅಷ್ಟು ಸಲೀಸಾಗಿ ಓದುತ್ತಿದ್ದಳು. ಬಸ್ಸಿನಲ್ಲಿ ಕಿಟಕಿಯಾಚೆ ನಿಂತವರು ಏನು ಮಾತಾಡುತ್ತಿದ್ದಾರೆಂದು ನಮಗೆ ವರದಿ ಒಪ್ಪಿಸುತ್ತಿದ್ದಳು. ಮದುವೆಯ ಮಾತುಕತೆಗೆ ಹೋದಾಗ ಎದುರು ಪಾರ್ಟಿಯವರು ಮೂಲೆಯಲ್ಲಿ ಏನು ಪಿಸುಗುಟ್ಟಿಕೊಂಡರು ಎಂಬುದನ್ನು ಅಲ್ಲೇ ಕೂತು ಓದಿ, ಎದ್ದು ಬರೋಣ ನಡೀರಿ ಎಂದಿದ್ದವಳು. ಕೋಪ ಮೂಗಿನ ತುದಿಯಲ್ಲೇ ಇರುತ್ತಿತ್ತು. ಜಗಳದಲ್ಲಿ ತಾನು ಸೋಲುವ ಲಕ್ಷಣ ಕಂಡರೆ ಕಣ್ಣು ಮುಚ್ಚಿಕೊಂಡುಬಿಡುತ್ತಿದ್ದಳು. ಕಣ್ಣು ಮುಚ್ಚಿದವಳ ಜೊತೆ ಯಾರು ತಾನೇ ಜಗಳವಾಡಲು ಸಾಧ್ಯ? ಅಮ್ಮ ಎಷ್ಟೋ ಸಲ ಅವಳ ರೆಪ್ಪೆ ಎತ್ತಿ ಹಿಡಿದು ಬೈದದ್ದನ್ನು ನಾನೇ ಕಂಡಿದ್ದೇನೆ.

ಅಮ್ಮ ತೀರಿಕೊಂಡು ಕೆಲವು ವರ್ಷಗಳಾದವು. ಅವಳದು ದಪ್ಪ ದನಿ, ಸ್ವಲ್ಪ ಒಡಕು, ವರ್ಷವಿಡೀ ನೆಗಡಿಯಾದವರ ಹಾಗೆ. ಅದೇ ದನಿ ನನಗೂ ಬಂದಿದೆ. ನಾನು ಕೋರ್ಟಿನಲ್ಲಿ ಟೈಪಿಸ್ಟ್. ಆಫೀಸಿನ ಫೋನು ಎತ್ತಿ ಹಲೋ ಎಂದರೆ ಸಾಕು, ಆ ಕಡೆಯವರು ನಮಸ್ಕಾರ ಸರ್ ಎನ್ನುತ್ತಾರೆ. ಮೊದಮೊದಲು ಸಿಟ್ಟು ಬರುತ್ತಿತ್ತು. ಈಗ ಹೇಳಿ ಸರ್ ಎಂದು ನಾನೂ ಸುಮ್ಮನಾಗುತ್ತೇನೆ.

ದೊಡ್ಡಮ್ಮನಿಗೆ ಅವಳ ಮಗ ಸ್ಮಾರ್ಟ್‌ಫೋನು ತಂದುಕೊಟ್ಟ ಮೇಲೆ ಭಾನುವಾರ ಬೆಳಿಗ್ಗೆ ತಪ್ಪದೆ ಅವಳ ಕರೆ ಬರುತ್ತಿತ್ತು. ಅವಳು ಫೋನನ್ನು ಕಿವಿಗೆ ಇಟ್ಟುಕೊಂಡವಳೇ ಅಲ್ಲ. ಲೌಡ್ ಸ್ಪೀಕರ್ ಹಾಕಿ, ವಾಲ್ಯೂಮ್ ಪೂರ್ತಿ ಏರಿಸಿ, ಮೇಜಿನ ಮೇಲಿಟ್ಟು ಅದರ ಮುಂದೆ ಕೂರುತ್ತಿದ್ದಳು. ನಮ್ಮ ಮಾತುಕತೆಯ ಗಾಡಿ ಎತ್ತಲೋ ಹೋಗುತ್ತಿತ್ತು. ಜ್ವರ ಬಂದಿತ್ತು ದೊಡ್ಡಮ್ಮ ಎಂದರೆ, ಒಳ್ಳೇದಾಯ್ತು ಬಿಡು ಎನ್ನುತ್ತಿದ್ದಳು. ವಿಡಿಯೊ ಹಾಕು, ಮುಖ ನೋಡಿ ಮಾತಾಡೋಣ ಎಂದು ನಾನು ಕೂಗಿ ಕೂಗಿ ಹೇಳಿದರೂ ಬೇಡ, ಹೀಗೇ ಇರಲಿ ಎನ್ನುತ್ತಿದ್ದಳು. ಮುದುಕಿಗೆ ಹಟ ಎಂದುಕೊಂಡು ನಾನೂ ಕಿರುಚುತ್ತಿದ್ದೆ.

ಇದ್ದಕ್ಕಿದ್ದಂತೆ ಭಾನುವಾರದ ಕರೆ ನಿಂತುಹೋಯಿತು. ನಾನೇ ಮಾಡಿದರೆ ಎತ್ತುತ್ತಿದ್ದಳು, ಆದರೆ ನಾನು ಏನು ಹೇಳಿದರೂ ಹೂಂ, ನಾನು ಚೆನ್ನಾಗಿದೀನಿ, ಕೆಲಸ ಇದೆ, ಇಡ್ತೀನಿ ಎಂದು ಒಂದೇ ಉಸಿರಿಗೆ ಒಪ್ಪಿಸಿ ಇಟ್ಟುಬಿಡುತ್ತಿದ್ದಳು. ಬಹಳ ದಿನ ಹೋಗಿ ನೋಡಿಲ್ಲವೆಂದು ಮುನಿಸಿಕೊಂಡಿದ್ದಾಳೆ ಎಂದು ಲೆಕ್ಕ ಹಾಕಿದೆ. ಅವಳ ಮುನಿಸು ಫೋನಿನಲ್ಲಿ ಇಳಿಯುವಂಥದ್ದಲ್ಲ. ಒಂದು ರಜೆಯ ದಿನ ಬಸ್ಸು ಹತ್ತಿದೆ.

ಅವಳಿರುವುದು ಗಿರಣಿಯವರು ಕಟ್ಟಿಸಿದ ಹಳೆಯ ಸಾಲು ಮನೆಗಳಲ್ಲಿ ಒಂದು. ಮುಂದೊಂದು ಕೋಣೆ, ಹಿಂದೊಂದು ಕೋಣೆ, ನಡುವೆ ಅಡುಗೆಮನೆ. ಮಗ ಸಾಮಾನು ಸಾಗಿಸುವ ವ್ಯಾನ್ ಓಡಿಸುತ್ತಾನೆ, ಆ ಹೊತ್ತಿನಲ್ಲಿ ಮನೆಯಲ್ಲಿರಲಿಲ್ಲ. ಸೊಸೆ ಹೊಲಿಗೆಯ ಕೆಲಸದವಳು, ಬಾಯಲ್ಲಿ ಗುಂಡುಸೂಜಿ ಕಚ್ಚಿಕೊಂಡೇ ಬಾಗಿಲು ತೆರೆದು, ಕಣ್ಣಲ್ಲೇ ಒಳಗೆ ಬನ್ನಿ ಎಂದಳು.

ದೊಡ್ಡಮ್ಮ ಮುಂದಿನ ಕೋಣೆಯಲ್ಲಿ ಬೆನ್ನು ಹಾಕಿ ಕೂತಿದ್ದಳು. ಎದುರಿಗೆ, ಸಕ್ಕರೆ ಡಬ್ಬಿಗೆ ಒರಗಿಸಿಟ್ಟ ಫೋನಿನಲ್ಲಿ ಅವಳ ಗೆಳತಿಯ ಮುಖ. ಶೆಡ್ಡಿನಲ್ಲಿ ಮೂಲೆಯ ಮಗ್ಗ ನಡೆಸುತ್ತಿದ್ದವಳಾದ್ದರಿಂದ ಅವಳಿಗೆ ಮೂಲೆಮಗ್ಗ ಎಂದೇ ಹೆಸರು. ಈಗ ಬೇರೆ ಊರಿನಲ್ಲಿ ಮಗಳ ಮನೆಯಲ್ಲಿದ್ದಾಳೆ. ಇಬ್ಬರ ಕೈಗಳೂ ಗಾಳಿಯಲ್ಲಿ ಹಾರಾಡುತ್ತಿದ್ದವು, ತುಟಿಗಳು ಪಟಪಟ ಆಡುತ್ತಿದ್ದವು, ಬಾಯಿಯಿಂದ ಮಾತ್ರ ಒಂದು ಉಸಿರೂ ಇಲ್ಲ. ಮೂಲೆಮಗ್ಗ ಮೂಗಿನ ಕೆಳಗೆ ಎರಡು ಬೆರಳಿಟ್ಟು ಏನೋ ಹೇಳಿದಳು, ಇಬ್ಬರೂ ಬಿದ್ದು ಬಿದ್ದು ನಕ್ಕರು. ಆ ಮೇಸ್ತ್ರಿ ಸತ್ತು ಎಷ್ಟೋ ಕಾಲವಾಗಿತ್ತು, ಅವನ ಮೀಸೆಗೆ ಮಾತ್ರ ಇವರಿಂದ ಬಿಡುಗಡೆ ಇರಲಿಲ್ಲ.

"ದಿನಾ ಹೀಗೇ ಅಕ್ಕ," ಎಂದಳು ಸೊಸೆ, ಗುಂಡುಸೂಜಿ ತೆಗೆದು. "ಗಂಟೆಗಟ್ಲೆ ಮಾತಾಡ್ತಾರೆ. ಮನೇಲಿ ಒಂದು ಸದ್ದಿಲ್ಲ. ನಂಗಂತೂ ಆರಾಮ."

ನಾನು ನಗುತ್ತ ದೊಡ್ಡಮ್ಮನ ಭುಜ ಮುಟ್ಟಿದೆ. ಅವಳು ತಿರುಗಿದಳು, ಮುಖ ಅರಳಿತು. ಅಷ್ಟರಲ್ಲಿ ಫೋನಿನ ತೆರೆಯಲ್ಲಿ ಮೂಲೆಮಗ್ಗದ ಹಿಂದೆ ಅವಳ ಮೊಮ್ಮಗು ಬಿದ್ದಿತು. ಬಾಯಿ ಅಗಲವಾಗಿ ತೆರೆದು, ಮುಖ ಕೆಂಪಗೆ ಮಾಡಿಕೊಂಡು, ಕಣ್ಣೀರು ಸುರಿಸುತ್ತ ಅದು ಅಳುತ್ತಿರುವುದು ಕಾಣುತ್ತಿತ್ತು. ಮೂಲೆಮಗ್ಗ ಎದ್ದು ಓಡಿದಳು. ಆದರೆ ಫೋನಿನಿಂದ ಅಳುವಿನ ಒಂದು ಎಳೆಯೂ ಬರಲಿಲ್ಲ.

"ಇದೇನು, ಫೋನಲ್ಲಿ ಶಬ್ದಾನೇ ಬರ್ತಿಲ್ವಲ್ಲ?" ಎಂದು ನಾನು ಸೊಸೆಯನ್ನು ಕೇಳಿದೆ.

ಸೊಸೆ ಬಗ್ಗಿ ನೋಡಿದಳು. "ಅಯ್ಯೋ, ಹೌದಲ್ಲ! ಇವರಿಬ್ಬರೂ ಯಾವತ್ತು ಶಬ್ದ ಮಾಡಿದಾರೆ ಅಂತ ನಂಗೆ ಗೊತ್ತಾಗ್ಬೇಕು?"

ದೊಡ್ಡಮ್ಮ ನನ್ನ ತುಟಿಯನ್ನೇ ನೋಡುತ್ತಿದ್ದಳು. ಮೂಲೆಮಗ್ಗಕ್ಕೆ ಏನೂ ಹೇಳದೆ ಫೋನು ಆರಿಸಿ, ನನ್ನ ಮಣಿಕಟ್ಟನ್ನು ಗಟ್ಟಿಯಾಗಿ ಹಿಡಿದುಕೊಂಡಳು.

"ನಿಂಗೂ ಕೇಳಿಸ್ಲಿಲ್ವಾ?" ಎಂದಳು. "ನಿಜ ಹೇಳು. ನಿಂಗೂ ಕೇಳಿಸ್ಲಿಲ್ವಾ?"

"ಇಲ್ಲ ದೊಡ್ಡಮ್ಮ. ಫೋನು ಕೆಟ್ಟಿದೆ."

ಅವಳು ಗೋಡೆಗೆ ಒರಗಿಕೊಂಡು ಕಣ್ಣು ಮುಚ್ಚಿದಳು. ಮಾತು ಮುಗಿಸಲು ಮುಚ್ಚಿದ್ದಲ್ಲ, ಕಣ್ಣಂಚಿನಲ್ಲಿ ನೀರಿತ್ತು. ನನಗೆ ಗಾಬರಿಯಾಯಿತು. ಒಂದು ಫೋನು ಕೆಟ್ಟದ್ದಕ್ಕೆ ಅಳುವ ಹೆಂಗಸು ಇವಳಲ್ಲ.

ಆಮೇಲೆ ತಾನೇ ಹೇಳಿದಳು. ಫೋನಿನಲ್ಲಿ ನನ್ನ ದನಿ ಕೇಳಿಸದೇ ಹೋದ ದಿನ, ತನ್ನ ಕಿವಿಯೇ ಪೂರ್ತಿ ಹೋಯಿತು ಎಂದುಕೊಂಡಿದ್ದಳು. ಇವತ್ತಲ್ಲ ನಾಳೆ ಹೋಗುತ್ತದೆಂದು ಗಿರಣಿಯ ಡಾಕ್ಟರು ಎಂದೋ ಹೇಳಿದ್ದರಂತೆ. ಹೋಯಿತು ಅಂದುಕೊಂಡು ಯಾರಿಗೂ ಹೇಳದೆ ನುಂಗಿಕೊಂಡಿದ್ದಳು. ಕೊರಳಿಗೆ ನೇತುಹಾಕಿದ ಚೀಲದಲ್ಲಿ ಫೋನು ಅದುರಿದಾಗ ಎತ್ತಿ, ಆ ಕಡೆಯವರು ಏನು ಹೇಳುತ್ತಾರೋ ತಿಳಿಯದೆ ಬಾಯಿಪಾಠ ಒಪ್ಪಿಸಿ ಇಡುತ್ತಿದ್ದಳು.

"ಮಿಕ್ಕ ಶಬ್ದ ಕೇಳಿಸ್ತಿರ್ಲಿಲ್ವಾ? ಪಾತ್ರೆ ಬಿದ್ದದ್ದು, ಬಾಗಿಲು ಬಡಿದದ್ದು?" ಎಂದು ಕೇಳಿದೆ.

"ಪಾತ್ರೆ ಬಿದ್ರೆ ನೆಲ ಅದುರುತ್ತೆ. ಅದು ಕಿವಿಗೆ ಗೊತ್ತಾಯ್ತೋ ಕಾಲಿಗೆ ಗೊತ್ತಾಯ್ತೋ ಹೇಗೆ ಹೇಳ್ಲಿ? ನೀವು ಮಾತಾಡಿದ್ರೆ ತುಟಿ ಕಾಣುತ್ತೆ. ನಂಗೆ ಕೇಳಿಸ್ತಾ ಇದೆ ಅಂತ ನಿಮಗೂ ಅನ್ಸುತ್ತೆ, ನಂಗೂ ಅನ್ಸುತ್ತೆ. ಮುಖ ಇಲ್ದೆ ಬರೀ ದನಿ ಬರೋದು ಆ ಫೋನಲ್ಲಿ ಮಾತ್ರ."

"ಒಂದು ಮಾತು ಕೇಳಬಾರದಿತ್ತಾ ಅತ್ತೆ?" ಎಂದಳು ಸೊಸೆ. "ನೋಡಿ ಹೇಳ್ತಿದ್ನಲ್ಲ."

"ಕೇಳಿದ್ರೆ ನೀನು ಉತ್ತರ ಹೇಳಿಬಿಡ್ತಿದ್ದೆ," ಎಂದಳು ದೊಡ್ಡಮ್ಮ.

ಕಿವಿ ಹೋದರೆ ಹೋಗಲಿ ಎನ್ನುವ ಗಟ್ಟಿಗಿತ್ತಿ ಅವಳು. ಕಣ್ಣಿದೆ, ಕೈಯಿದೆ, ಮೂಲೆಮಗ್ಗವಿದ್ದಾಳೆ. ಅವಳ ಸಂಕಟ ಬೇರೆಯೇ ಆಗಿತ್ತು. ಮದುವೆಗೆ ಮುಂಚೆ ಅಕ್ಕತಂಗಿಯರಿಬ್ಬರೂ ಇದೇ ಸಾಲಿನ ಒಂದು ಕೋಣೆಯಲ್ಲಿ ಒಂದೇ ಹಾಸಿಗೆಯಲ್ಲಿ ಮಲಗುತ್ತಿದ್ದರಂತೆ. ದೀಪ ಆರಿಸಿದ ಮೇಲೆ ಅಮ್ಮ ಮಾತು ಶುರುಮಾಡುತ್ತಿದ್ದಳು. ತುಟಿ ಕಾಣದು, ಕೈ ಕಾಣದು, ಕತ್ತಲಲ್ಲಿ ಆ ಒಡಕು ದನಿಯೊಂದೇ. "ಹಗಲು ಎಲ್ಲರನ್ನೂ ಕಣ್ಣಲ್ಲಿ ಕೇಳ್ತಿದ್ದೆ. ನಿನ್ನಮ್ಮನ್ನ ಒಬ್ಬಳನ್ನೇ ನಾನು ಕಿವೀಲಿ ಕೇಳಿದ್ದು," ಎಂದಳು. "ಎದುರಿಗೆ ಬಂದ್ರೆ ನೀನು ನೀನೇ. ಮೂಗು ನಿಮ್ಮಪ್ಪಂದು, ಹುಬ್ಬು ನಿಮ್ಮಪ್ಪಂದು. ಫೋನಲ್ಲಿ ಮಾತ್ರ ಅವಳು ಬರ್ತಾಳೆ. ಅದಕ್ಕೇ ವಿಡಿಯೊ ಬೇಡ ಅಂತಿದ್ದೆ. ಕಿವಿ ಹೋಯ್ತು ಅಂದ್ರೆ ಅವಳು ಇನ್ನೊಂದು ಸಲ ಹೋದ ಹಾಗೆ ಅಲ್ವೇನೇ?"

ಇಷ್ಟು ದಿನ ನನ್ನ ಜ್ವರದ ಸುದ್ದಿಗೆ ಅವಳು ಒಳ್ಳೇದಾಯ್ತು ಎಂದದ್ದಕ್ಕೆ ಕೋಪಿಸಿಕೊಂಡಿದ್ದೆನಲ್ಲ ಎಂದು ನಗು ಬಂತು. ಫೋನು ಕೈಗೆತ್ತಿಕೊಂಡೆ.

ಮೊದಲು ಪಕ್ಕದ ಗುಂಡಿ ಒತ್ತಿ ವಾಲ್ಯೂಮ್ ನೋಡಿದೆ, ತುದಿಯಲ್ಲೇ ಇತ್ತು. ಸೈಲೆಂಟ್ ಆಗಿದೆಯೋ ಎಂದು ನೋಡಿದೆ, ಇಲ್ಲ. ಬ್ಲೂಟೂತ್ ಏನಾದರೂ ಮಗನ ವ್ಯಾನಿನ ಹಾಡಿನ ಪೆಟ್ಟಿಗೆಗೆ ಅಂಟಿಕೊಂಡು, ನನ್ನ ಭಾನುವಾರದ ಕಿರುಚಾಟವೆಲ್ಲ ಹೆದ್ದಾರಿಯಲ್ಲಿ ಕೇಳಿಸುತ್ತಿದೆಯೋ ಎಂದು ಸೊಸೆ ಅನುಮಾನಪಟ್ಟಳು, ಅದೂ ಆರಿತ್ತು. ಕೊನೆಗೆ ಎಲ್ಲರೂ ಮಾಡುವ ಮದ್ದು ಮಾಡಿದೆ, ಆರಿಸಿ ಮತ್ತೆ ಹಚ್ಚಿದೆ. ಹಚ್ಚುವಾಗ ಕುಣಿದು ಬರುವ ಚಿತ್ರ ಕುಣಿಯಿತು, ಅದರ ಜೊತೆ ಬರಬೇಕಾದ ಸಂಗೀತ ಬರಲಿಲ್ಲ. ದೊಡ್ಡಮ್ಮ ಫೋನನ್ನು ನೋಡುತ್ತಲೇ ಇರಲಿಲ್ಲ, ನನ್ನ ಮುಖವನ್ನೇ ನೋಡುತ್ತಿದ್ದಳು.

ಸೊಸೆ ತನ್ನ ಫೋನು ಹಿಡಿದು ಬಾಗಿಲಾಚೆ ಹೋಗಿ ಕರೆ ಮಾಡಿದಳು. ನಾನು ಎತ್ತಿ, ಅಭ್ಯಾಸಬಲದಿಂದ ಕಿವಿಗೆ ಇಟ್ಟುಕೊಂಡೆ. "ಹಲೋ ಅಕ್ಕ, ಕೇಳಿಸ್ತಿದ್ಯಾ?" ಎಂದು ಸ್ಪಷ್ಟವಾಗಿ ಕೇಳಿಸಿತು. ನನ್ನ ಮುಖದಲ್ಲಿ ಏನಾಯಿತೋ ಏನೋ, ದೊಡ್ಡಮ್ಮ ಅದನ್ನು ಓದಿಬಿಟ್ಟಳು.

"ಫೋನು ಸರಿಯಾಗಿದೆ ಅಲ್ವಾ?" ಎಂದಳು, ಮೆಲ್ಲಗೆ.

ಲೌಡ್ ಸ್ಪೀಕರಿನ ಗುಂಡಿ ಒತ್ತಿದೆ. ಸೊಸೆಯ ದನಿ ಅಲ್ಲಿಗೇ ಕಡಿದುಹೋಯಿತು. ಮತ್ತೆ ಒತ್ತಿದೆ, ಬಂತು. ಆಗ ತಲೆಗೆ ಹೊಳೆಯಿತು. ಮೇಲೆ ಕಿವಿಗೆ ಇಟ್ಟುಕೊಳ್ಳುವ ಸಣ್ಣ ಸ್ಪೀಕರು ಬೇರೆ, ಕೆಳಗಿನ ದೊಡ್ಡದು ಬೇರೆ. ದೊಡ್ಡದು ಸತ್ತಿತ್ತು. ಅದನ್ನು ಬಿಡಿಸಿ ಹೇಳಿ, ಫೋನನ್ನು ಅವಳ ಕಿವಿಗೆ ಒತ್ತಿ ಹಿಡಿದೆ. ಅವಳು ತಲೆಯಾಡಿಸಿದಳು.

"ಆ ಸಣ್ಣ ತೂತು ಯಾವತ್ತೂ ನನ್ನ ಹತ್ರ ಮಾತಾಡಿಲ್ಲ ಬಿಡು," ಎಂದಳು.

ಹೀಗಾಗಿ ಫೋನು ಕೆಟ್ಟಿದೆ ಎಂಬುದು ಖಾತ್ರಿಯಾಯಿತೇ ಹೊರತು ಅವಳ ಕಿವಿ ಉಳಿದಿದೆಯೋ ಇಲ್ಲವೋ ಎಂಬುದು ಆಗಲಿಲ್ಲ. ಎರಡೂ ಒಟ್ಟಿಗೇ ಕೆಟ್ಟಿರಬಹುದಿತ್ತು. ಆ ಯೋಚನೆ ಮೂವರಿಗೂ ಬಂತು. ದೊಡ್ಡಮ್ಮನೇ ಎದ್ದು ಚಪ್ಪಲಿ ಮೆಟ್ಟಿಕೊಂಡಳು.

ಮೊಬೈಲ್ ರಿಪೇರಿ ಅಂಗಡಿ ಗಿರಣಿಯ ಬೀದಿಯಲ್ಲೇ ಇತ್ತು. ಗಿರಣಿಯ ಗೋಡೆ ಇನ್ನೂ ಹಾಗೇ ನಿಂತಿದೆ. ಒಳಗೆ ಈಗ ಯಾರೋ ಸೋಫಾ, ಮಂಚ ಮಾರುತ್ತಾರೆ. ಮಗ್ಗಗಳಿದ್ದ ಜಾಗದಲ್ಲಿ ಗಾಜಿನ ಹಿಂದೆ ಹಾಸಿಗೆಗಳು ಅಚ್ಚುಕಟ್ಟಾಗಿ ಮಲಗಿವೆ. ಅಲ್ಲಿಗೆ ಬಂದಾಗಲೆಲ್ಲ ದೊಡ್ಡಮ್ಮ ಒಂದು ಗಳಿಗೆ ನಿಂತು, ಅಲ್ನೋಡು, ನನ್ನ ಮಗ್ಗದ ಮೇಲೆ ಯಾರೋ ದಿಂಬು ಇಟ್ಟಿದಾರೆ ಎಂದು ಬೈಯುತ್ತಿದ್ದಳು. ಅಂದು ಅವಳು ನಿಲ್ಲಲಿಲ್ಲ. ನಾನು ನಿಂತೆ. ಈ ಗೋಡೆಯ ಪಕ್ಕದಲ್ಲಿ ಅಮ್ಮನ ಕೈಹಿಡಿದು ನಡೆದದ್ದು, ಸಂಜೆಯ ಸೈರನ್ನಿಗೆ ಬೆಚ್ಚಿ ಅವಳ ಹಿಂದೆ ಅಡಗಿದ್ದು, ಗೇಟಿನಿಂದ ಹೊರಬಂದ ದೊಡ್ಡಮ್ಮನ ತಲೆಯಲ್ಲಿ ಬಿಳಿ ಹತ್ತಿ ಅಂಟಿದ್ದನ್ನು ಕಂಡು ಅಮ್ಮ, ಬಂದ್ಳು ನೋಡು ಮುದುಕಿ ಎಂದು ನಗಿಸಿದ್ದು ಎಲ್ಲ ನುಗ್ಗಿ ಬಂತು. ಆಗ ಅವರಿಬ್ಬರಿಗೂ ನನ್ನ ಈಗಿನ ವಯಸ್ಸೂ ಆಗಿರಲಿಲ್ಲ.

ಅಂಗಡಿಯವನು ಫೋನನ್ನು ತಿರುಗಿಸಿ ಮುರುಗಿಸಿ ನೋಡಿ, ಕೆಳಗಿನ ತೂತುಗಳಿಗೆ ದೀಪ ಹಿಡಿದ. "ಇದೇನಮ್ಮಾ, ಒಳಗೆ ಹಾಸಿಗೆ ತುಂಬಿದೀರಾ?" ಎಂದ. ಚಿಮಟದಿಂದ ಎಳೆದರೆ ಬೂದುಬಣ್ಣದ ಹತ್ತಿಯ ನಾರು ಹಗ್ಗದ ಹಾಗೆ ಹೊರಬಂತು. ದೊಡ್ಡಮ್ಮ ಅದನ್ನು ಅಂಗೈಗೆ ಹಾಕಿಸಿಕೊಂಡು ಬೆರಳಲ್ಲಿ ಹೊಸೆದು ನೋಡಿದಳು. ಫೋನಿಗೆಂದು ಹೊಲಿದ ಚೀಲದ್ದೇ. ಗಿರಣಿ ಮುಚ್ಚುವ ದಿನ ತನ್ನ ಮಗ್ಗದಿಂದ ಕತ್ತರಿಸಿ ತಂದ ಬಟ್ಟೆಯ ತುಂಡಿನಿಂದ ಆ ಚೀಲ ಹೊಲಿದಿದ್ದಳು.

"ನನ್ನ ಕಿವಿ ತಿಂದದ್ದು ಸಾಲ್ಲಿಲ್ಲ ಅಂತ ಇದರ ಬಾಯಿಗೂ ಬಂತಾ ಮುಂಡೇದು," ಎಂದಳು. ಬೈದಳು ನಿಜ, ಆದರೆ ಆ ನಾರನ್ನು ಎಸೆಯಲಿಲ್ಲ.

ನಾರು ತೆಗೆದರೂ ಗೊರಗೊರ ಎಂಬ ಸದ್ದು ಬಂತೇ ಹೊರತು ದನಿ ಬರಲಿಲ್ಲ. ಒಳಗೆ ತೇವವೂ ಹೋಗಿ ಸ್ಪೀಕರು ಸುಟ್ಟಿದೆ, ಹೊಸದು ಹಾಕಬೇಕು ಎಂದು ಅವನು ಫೋನಿನ ಬೆನ್ನು ಬಿಚ್ಚಿದ. ನಾವು ಸ್ಟೂಲಿನ ಮೇಲೆ ಕೂತೆವು. ದೊಡ್ಡಮ್ಮ ಅವನ ಕೈಯ ಮೇಲಿನ ಕಣ್ಣು ತೆಗೆಯಲಿಲ್ಲ. ನೂಲು ಹರಿದ ಮಗ್ಗವನ್ನು ಮೇಸ್ತ್ರಿ ಬಿಚ್ಚುವಾಗಲೂ ಹೀಗೇ ಕೂರುತ್ತಿದ್ದಳೇನೋ. ಕೊನೆಗೆ ಅವನು ಮುಚ್ಚಳ ಕೂರಿಸಿ, ಒಂದು ಹಾಡು ಹಚ್ಚಿದ. ಅದು ಎಂಥ ಅಬ್ಬರದಿಂದ ಬಂತೆಂದರೆ, ದಾರಿಯಲ್ಲಿ ಹೋಗುತ್ತಿದ್ದವರು ತಿರುಗಿ ನೋಡಿದರು, ನಾನು ಸ್ಟೂಲಿನಿಂದ ಎದ್ದು ನಿಂತೆ.

"ಬಂತು, ಬಂತು! ಕೇಳಿಸ್ತು!" ಎಂದಳು ದೊಡ್ಡಮ್ಮ.

ನಾನು ಅವಳನ್ನು ತಬ್ಬಿಕೊಂಡೆ. ಹೊಟ್ಟೆಗೆ ಹಾಲು ಹೊಯ್ದ ಹಾಗಾಯಿತು. ಆದರೆ ಅಂಗಡಿಯಿಂದ ನಾಲ್ಕು ಹೆಜ್ಜೆ ಬರುವಷ್ಟರಲ್ಲಿ ಅವಳು ನಿಂತು ನನ್ನನ್ನು ತನ್ನ ಕಡೆ ತಿರುಗಿಸಿಕೊಂಡಳು.

"ಸುಳ್ಳು ಹೇಳಿದ್ನೋ ಏನೋ ಕಣೇ. ನೀನು ಎದ್ದದ್ದು ಕಾಣಿಸ್ತು, ಜನ ತಿರುಗಿದ್ದು ಕಾಣಿಸ್ತು. ಅದನ್ನ ನೋಡಿ ಕೇಳಿಸ್ತು ಅಂದೆ. ನಿಜವಾಗ್ಲೂ ಕೇಳಿಸ್ತಾ ಅಂತ ನಂಗೇ ಗೊತ್ತಿಲ್ಲ."

ಜೀವಮಾನವಿಡೀ ಊರನ್ನೆಲ್ಲ ನಂಬಿಸಿದ ಜಾಣತನ ಈಗ ಅವಳಿಗೇ ತಿರುಗಿ ನಿಂತಿತ್ತು. ಮನೆಯೊಳಗೆ ಬಂದವಳೇ ಪರೀಕ್ಷೆ ಹೇಗೆ ನಡೆಯಬೇಕೆಂದು ತಾನೇ ಹುಕುಂ ಹೊರಡಿಸಿದಳು. ಫೋನು ಮೇಜಿನ ಮೇಲಿರಬೇಕು. ಕೈಯಲ್ಲಿ ಹಿಡಿದರೆ ಅದುರುವುದು ಗೊತ್ತಾಗುತ್ತದೆ. ಸೊಸೆ ಮುಂದಿನ ಕೋಣೆಯಲ್ಲಿ ಇರಕೂಡದು. ಅವಳ ಮುಖ ಗಂಟೆ ಹೊಡೆದ ಹಾಗೆ ಎಲ್ಲವನ್ನೂ ಹೇಳುತ್ತದೆ. ನಾನು ಹಿಂದಿನ ಕೋಣೆಗೆ ಹೋಗಿ ಬಾಗಿಲು ಹಾಕಿಕೊಳ್ಳಬೇಕು.

"ಒಂದ್ವೇಳೆ ಇಲ್ಲ ಅಂದ್ರೆ?" ಎಂದು ನಾನು ಕೇಳಿದೆ.

"ಇಲ್ಲ ಅಂದ್ರೆ ಇಲ್ಲ. ಹೋಗು," ಎಂದಳು.

ಸೊಸೆ ಅಂಗಳಕ್ಕೆ ಹೋದಳು. ನಾನು ಹಿಂದಿನ ಕೋಣೆಯ ಬಾಗಿಲು ಹಾಕಿ, ಹೊಲಿಗೆ ಯಂತ್ರದ ಮುಂದೆ ಕೂತೆ. ಸುತ್ತ ಯಾರು ಯಾರದೋ ಅರ್ಧ ಹೊಲಿದ ಅಂಗಿಗಳು ನೇತಾಡುತ್ತಿದ್ದವು. ಕರೆ ಮಾಡಿದೆ. ಅವಳು ಎತ್ತಿ, ಮೇಜಿನ ಮೇಲಿಟ್ಟ ಟಕ್ಕೆಂಬ ಸದ್ದು ನನಗೆ ಕೇಳಿಸಿತು.

"ದೊಡ್ಡಮ್ಮಾ," ಎಂದೆ.

ಏನೂ ಇಲ್ಲ.

"ದೊಡ್ಡಮ್ಮಾ, ಕೇಳಿಸ್ತಿದ್ಯಾ? ನಾನು ಮಾತಾಡ್ತಿದೀನಿ. ಹಿಂದಿನ ಕೋಣೇಲಿದೀನಿ. ಇಲ್ಲಿ ಒಂದು ಹಳದಿ ಅಂಗಿ ಇದೆ, ತೋಳೇ ಇಲ್ಲ ಅದಕ್ಕೆ." ಬಾಯಿಗೆ ಬಂದದ್ದು ಹೇಳುತ್ತಿದ್ದೆ. "ಏನಂದೆ ಹೇಳು ನೋಡೋಣ?"

ಬಹಳ ಹೊತ್ತಿನ ಮೇಲೆ ಅವಳ ದನಿ ಬಂತು, ಫೋನಿನಿಂದಲೂ ಗೋಡೆಯಾಚೆಯಿಂದಲೂ ಒಟ್ಟಿಗೇ. "ಏನಂತಿದೀಯೋ ಒಂದಕ್ಷರಾನೂ ಗೊತ್ತಾಗ್ತಿಲ್ಲ ಕಣೇ. ಮುಂಚೆ ಅರ್ಧಂಬರ್ಧ ಆದ್ರೂ ಸಿಗ್ತಿತ್ತು. ಈಗ ಅದೂ ಇಲ್ಲ. ಫೋನು ಹೋಗಿದ್ದೂ ನಿಜ, ಕಿವಿ ಹೋಗಿದ್ದೂ ನಿಜ."

ನಾನು ಫೋನು ಇಟ್ಟು ಅವಳ ಬಳಿಗೆ ಓಡಬೇಕೆಂದು ಎದ್ದೆ.

"ಏಯ್, ಯಾಕೆ ನಿಲ್ಲಿಸ್ದೆ?" ಎಂದು ಕೂಗಿದಳು. "ಮಾತು ಹೋದ್ರೆ ಹೋಗ್ಲಿ, ಮಾತು ಯಾರಿಗೆ ಬೇಕಿತ್ತು? ದನಿ ಬರ್ತಾ ಇದೆ. ಅವಳು ಇದಾಳೆ. ಮಾತಾಡು, ನಿಲ್ಲಿಸ್ಬೇಡ."

ನಾನು ಮತ್ತೆ ಕೂತೆ. ಏನು ಮಾತಾಡಲಿ ಎಂದರೆ ಅದೂ ಅವಳಿಗೆ ತಿಳಿಯುವಂತಿರಲಿಲ್ಲ. ಮೊದಲು ಅಲ್ಲಿದ್ದ ಅಂಗಿಗಳ ಬಣ್ಣ ಹೇಳಿದೆ. ಆಮೇಲೆ ಕೋರ್ಟಿನ ಕತೆ ಹೇಳಿದೆ, ಸರ್ ಎಂದು ಕರೆಸಿಕೊಳ್ಳುವುದನ್ನು ಹೇಳಿದೆ. ಆಮೇಲೆ, ಒಂದಕ್ಷರವೂ ಆ ಕಡೆ ತಲುಪುವುದಿಲ್ಲವೆಂಬ ಧೈರ್ಯದಲ್ಲಿ, ಅಮ್ಮ ಹೋದಂದಿನಿಂದ ಯಾರ ಮುಂದೆಯೂ ಆಡದಿದ್ದ ಮಾತುಗಳು ಬಂದವು. ಅವಳಿಲ್ಲದೆ ಮನೆ ಹೇಗಿದೆ ಎಂಬುದು, ಖಾಲಿ ಬಸ್ಸಿನಲ್ಲಿ ಕೂತಾಗ ಅವಳ ದನಿ ಕೇಳಬೇಕೆಂದು ನಾನೇ ನನ್ನ ಹೆಸರು ಕರೆದುಕೊಳ್ಳುತ್ತೇನೆಂಬುದು, ಅವಳನ್ನು ನೋಡಬೇಕೆನಿಸುತ್ತದೆ ಎಂಬುದು. ಅಳುತ್ತ ಹೇಳಿದೆ, ಮೂಗು ಕಟ್ಟಿ ದನಿ ಇನ್ನಷ್ಟು ಒಡೆಯಿತು.

"ಹಾಂ, ಈಗ ಥೇಟ್ ಅವಳೇ," ಎಂದಳು ಗೋಡೆಯಾಚೆಯಿಂದ ದೊಡ್ಡಮ್ಮ. ಅವಳು ನಗುತ್ತಿದ್ದಳು. ನಾನು ನಿಲ್ಲಿಸಲಿಲ್ಲ.